ವಿಮಾ ಸರ್ವೇಯರ್: ಪರವಾನಗಿ, ವೃತ್ತಿ ಸಂಹಿತೆ ಮತ್ತು ಪಾಲಿಸಿದಾರರ ಹಕ್ಕುಗಳು

ವ್ಯಾಪಾರ ಹಾಗೂ ಕೈಗಾರಿಕೆಯಲ್ಲಿ ತೊಡಗಿರುವ ಬಹುತೇಕ ಎಲ್ಲರೂ ಇಂದು ಒಂದಲ್ಲ ಒಂದು ಬಗೆಯ ವಿಮಾ ಪಾಲಿಸಿಯನ್ನು ಹೊಂದಿರುತ್ತಾರೆ. ಬ್ಯಾಂಕಿನಿಂದ ಸಾಲ ಪಡೆದವರಿಗಂತೂ ದಾಸ್ತಾನು ಮತ್ತು ಯಂತ್ರೋಪಕರಣಗಳ ಮೇಲೆ ವಿಮೆ ಇಳಿಸುವುದು ಸಾಲದ ಷರತ್ತುಗಳಲ್ಲಿಯೇ ಸೇರಿರುತ್ತದೆ. ಪ್ರತಿ ವರ್ಷ ತಪ್ಪದೆ ಪ್ರೀಮಿಯಂ ಪಾವತಿಯಾಗುತ್ತದೆ, ಪಾಲಿಸಿಯ ಪ್ರತಿ ಕಪಾಟು ಸೇರುತ್ತದೆ. ಆದರೆ ಬೆಂಕಿ, ಪ್ರವಾಹ ಅಥವಾ ಕಳ್ಳತನದಿಂದ ನಷ್ಟ ಸಂಭವಿಸಿದಾಗ ಆ ಪಾಲಿಸಿ ಎಷ್ಟು ರೂಪಾಯಿಯಾಗಿ ಪರಿವರ್ತನೆಯಾಗುತ್ತದೆ ಎಂಬುದು ಬಹುಮಟ್ಟಿಗೆ ಒಬ್ಬ ವ್ಯಕ್ತಿಯ ವರದಿಯನ್ನು ಅವಲಂಬಿಸಿರುತ್ತದೆ. ಅವರೇ ಸರ್ವೇಯರ್ ಮತ್ತು ನಷ್ಟ ನಿರ್ಧಾರಕರು.

ಬ್ಯಾಡಗಿಯ ಮೆಣಸಿನಕಾಯಿ ದಾಸ್ತಾನು ಇರಲಿ, ದಾವಣಗೆರೆಯ ಬಟ್ಟೆ ಅಂಗಡಿಯಾಗಲಿ, ಪೀಣ್ಯದ ಸಣ್ಣ ಯಂತ್ರಾಗಾರವಾಗಲಿ, ನಷ್ಟವಾದ ಮರುದಿನ ಬರುವ ಈ ವ್ಯಕ್ತಿಯನ್ನು ನಮ್ಮ ಅನೇಕ ವರ್ತಕ ಬಂಧುಗಳು ವಿಮಾ ಕಂಪನಿಯ ನೌಕರನೆಂದೇ ಭಾವಿಸುತ್ತಾರೆ. ಕೆಲವರು ಅವರನ್ನು ಓಲೈಸಲು ಯತ್ನಿಸುತ್ತಾರೆ, ಕೆಲವರು ಶಂಕೆಯಿಂದ ದೂರವಿಡುತ್ತಾರೆ. ಎರಡೂ ತಪ್ಪು. ಸರ್ವೇಯರ್ ಕಾನೂನಿನನ್ವಯ ಪರವಾನಗಿ ಪಡೆದ, ಲಿಖಿತ ವೃತ್ತಿ ಸಂಹಿತೆಗೆ ಬದ್ಧನಾದ ಸ್ವತಂತ್ರ ವೃತ್ತಿಪರ. ಆ ಸಂಹಿತೆಯಲ್ಲಿ ಏನಿದೆ ಎಂಬುದನ್ನು ತಿಳಿದ ಪಾಲಿಸಿದಾರ ತನ್ನ ನ್ಯಾಯಯುತ ಹಣವನ್ನು ಕಳೆದುಕೊಳ್ಳುವ ಸಂಭವ ಕಡಿಮೆ. ಈ ಉದ್ದೇಶದಿಂದ ಪ್ರಸ್ತುತ ಲೇಖನ.

ಕಾನೂನಿನ ಹಿನ್ನೆಲೆ

1938ರ ವಿಮಾ ಅಧಿನಿಯಮಕ್ಕೆ 1968ರಲ್ಲಿ ಮಾಡಲಾದ ತಿದ್ದುಪಡಿಯ ಮೂಲಕ 64ಯುಎಂ ಎಂಬ ಕಲಮನ್ನು ಸೇರಿಸಲಾಯಿತು. ನಿಗದಿತ ಮೊತ್ತವನ್ನು ಮೀರಿದ ಸಾಮಾನ್ಯ ವಿಮಾ ಕ್ಲೇಮನ್ನು ಪರವಾನಗಿ ಹೊಂದಿದ ಸರ್ವೇಯರ್‌ನ ವರದಿ ಇಲ್ಲದೆ ಇತ್ಯರ್ಥಪಡಿಸುವಂತಿಲ್ಲ ಎಂಬುದು ಇದರ ಸಾರಾಂಶ. ಬಹುಕಾಲ ಈ ಮಿತಿ 20,000 ರೂಪಾಯಿ ಇತ್ತು. 2015ರ ವಿಮಾ ಕಾನೂನುಗಳ ತಿದ್ದುಪಡಿಯ ನಂತರ ಮಿತಿಯನ್ನು ನಿಯಮಾವಳಿಯ ಮೂಲಕ ಗೊತ್ತುಪಡಿಸುವ ಪದ್ಧತಿ ಬಂದಿತು. ತದನಂತರ ಮೋಟಾರು ವಾಹನ ನಷ್ಟಕ್ಕೆ 50,000 ರೂಪಾಯಿ, ಇತರ ನಷ್ಟಗಳಿಗೆ 1,00,000 ರೂಪಾಯಿ ಎಂಬ ಮಿತಿಗಳು ಜಾರಿಗೆ ಬಂದವು.

ಇದೇ ಕಲಮಿನಲ್ಲಿ ವರ್ತಕರು ಗಮನಿಸಬೇಕಾದ ಒಂದು ಉಪಬಂಧವಿದೆ. ಸರ್ವೇಯರ್ ಸೂಚಿಸಿದ ಮೊತ್ತಕ್ಕಿಂತ ಭಿನ್ನವಾದ ಮೊತ್ತಕ್ಕೆ ಕ್ಲೇಮು ಇತ್ಯರ್ಥಪಡಿಸುವ ಅಧಿಕಾರ ವಿಮಾ ಕಂಪನಿಗೆ ಉಳಿದೇ ಇರುತ್ತದೆ. ಎಂದರೆ ಸರ್ವೇಯರ್ ಅಂದಾಜು ಮಾಡುತ್ತಾರೆ, ತೀರ್ಮಾನ ಮಾಡುವುದು ಕಂಪನಿ. "ಸರ್ವೇಯರ್ ಇಷ್ಟೇ ಬರೆದಿದ್ದಾರೆ, ನಾವೇನೂ ಮಾಡಲಾಗದು" ಎಂದು ಕಚೇರಿಯಲ್ಲಿ ಹೇಳಿದರೆ ಅದು ಕಾನೂನಿನ ಪೂರ್ಣ ಚಿತ್ರವಲ್ಲ.

ಪರವಾನಗಿ ಯಾರಿಗೆ ದೊರೆಯುತ್ತದೆ?

ವಿಮಾ ನಿಯಂತ್ರಣ ಮತ್ತು ಅಭಿವೃದ್ಧಿ ಪ್ರಾಧಿಕಾರವು 2000ದಲ್ಲಿ ಸರ್ವೇಯರುಗಳ ಪರವಾನಗಿ, ವೃತ್ತಿ ಅರ್ಹತೆ ಹಾಗೂ ನಡತೆಯ ಬಗ್ಗೆ ಪ್ರತ್ಯೇಕ ನಿಯಮಾವಳಿಯನ್ನು ಹೊರಡಿಸಿತು. ಅದರ ಸ್ಥಾನದಲ್ಲಿ 2015ರ ನಿಯಮಾವಳಿ ಬಂದಿತು. ಇಂಜಿನಿಯರಿಂಗ್ ಪದವೀಧರರು, ಚಾರ್ಟರ್ಡ್ ಅಕೌಂಟೆಂಟರು, ಕಾಸ್ಟ್ ಅಕೌಂಟೆಂಟರು, ವಿಮಾ ವಿಷಯದಲ್ಲಿ ಪದವಿ ಅಥವಾ ಡಿಪ್ಲೊಮಾ ಪಡೆದವರು ಮುಂತಾದವರು ಈ ವೃತ್ತಿಗೆ ಅರ್ಹರು. ವಿದ್ಯಾರ್ಹತೆಯೊಂದೇ ಸಾಲದು. ನಿಗದಿತ ಅವಧಿಯ ಪ್ರಾಯೋಗಿಕ ತರಬೇತಿ ಪಡೆದು ಪರೀಕ್ಷೆಯಲ್ಲಿ ಉತ್ತೀರ್ಣರಾಗಬೇಕು. ಜೊತೆಗೆ ಹೈದರಾಬಾದಿನಲ್ಲಿ ಕೇಂದ್ರ ಕಚೇರಿ ಹೊಂದಿರುವ ಭಾರತೀಯ ವಿಮಾ ಸರ್ವೇಯರ್ ಮತ್ತು ನಷ್ಟ ನಿರ್ಧಾರಕರ ಸಂಸ್ಥೆಯ ಸದಸ್ಯತ್ವವೂ ಬೇಕು. ಈ ಸಂಸ್ಥೆಯಲ್ಲಿ ಲೈಸೆನ್ಷಿಯೇಟ್, ಅಸೋಸಿಯೇಟ್, ಫೆಲೋ ಎಂಬ ಮೂರು ಹಂತಗಳಿವೆ.

ಪರವಾನಗಿಯು ವಿಭಾಗವಾರು ಇರುತ್ತದೆ ಎಂಬುದು ಮುಖ್ಯ ಸಂಗತಿ. ಬೆಂಕಿ, ಸಾಗರ ಸರಕು, ಹಡಗು, ಇಂಜಿನಿಯರಿಂಗ್, ಮೋಟಾರು, ಇತರೆ, ಲಾಭನಷ್ಟ, ಬೆಳೆ ಎಂದು ವಿಭಾಗಗಳನ್ನು ಮಾಡಲಾಗಿದೆ. ಬಾಯ್ಲರ್ ಒಡೆದ ಪ್ರಕರಣವನ್ನು ಇಂಜಿನಿಯರಿಂಗ್ ವಿಭಾಗದ ಪರವಾನಗಿ ಇಲ್ಲದವರು ಪರಿಶೀಲಿಸುವಂತಿಲ್ಲ. ಆದ್ದರಿಂದ ಸರ್ವೇಯರ್ ತಮ್ಮ ಆವರಣಕ್ಕೆ ಬಂದಾಗ ಅವರ ಪರವಾನಗಿ ಸಂಖ್ಯೆ, ಅದರ ಅವಧಿ, ವಿಭಾಗ ಹಾಗೂ ಕಂಪನಿಯು ನೀಡಿದ ನೇಮಕಾತಿ ಪತ್ರದ ದಿನಾಂಕ, ಇಷ್ಟನ್ನು ವಿನಯದಿಂದ ಕೇಳಿ ಬರೆದಿಟ್ಟುಕೊಳ್ಳಬೇಕು. ಇದರಲ್ಲಿ ಅಗೌರವವೇನೂ ಇಲ್ಲ.

ಕೆಲವೊಮ್ಮೆ ಕಂಪನಿಯು ಸರ್ವೇಯರ್ ಜೊತೆಗೆ ತನಿಖೆದಾರರನ್ನೂ ಕಳುಹಿಸುತ್ತದೆ. ಘಟನೆಯ ಸತ್ಯಾಸತ್ಯತೆಯನ್ನು ವಿಚಾರಿಸುವುದಷ್ಟೇ ಅವರ ಕೆಲಸ. ಸರ್ವೇಯರ್ ಪರವಾನಗಿ ಇಲ್ಲದ ತನಿಖೆದಾರರ ವರದಿಯು, ಮಿತಿ ಮೀರಿದ ಕ್ಲೇಮುಗಳಲ್ಲಿ, ಕಾನೂನು ಬಯಸುವ ಸರ್ವೇ ವರದಿಯ ಸ್ಥಾನವನ್ನು ತುಂಬಲಾರದು. ಬಂದವರು ಯಾವ ಅಧಿಕಾರದಿಂದ ಬಂದಿದ್ದಾರೆಂಬುದನ್ನು ತಿಳಿದುಕೊಂಡೇ ಕಾಗದಪತ್ರ ನೀಡುವುದು ಲೇಸು.

ಕರ್ತವ್ಯಗಳು

ನಿಯಮಾವಳಿಯು ಸರ್ವೇಯರ್‌ನ ಕರ್ತವ್ಯಗಳನ್ನು ಪಟ್ಟಿ ಮಾಡಿದೆ. ಅವುಗಳಲ್ಲಿ ವರ್ತಕರಿಗೆ ನೇರವಾಗಿ ಸಂಬಂಧಿಸಿದವು ಇವು:

1. ನಷ್ಟಕ್ಕೊಳಗಾದ ವಸ್ತುವಿನಲ್ಲಿ ತನಗೆ ಹಿತಾಸಕ್ತಿ ಇದೆಯೇ, ಪಾಲಿಸಿದಾರರೊಂದಿಗೆ ಸಂಬಂಧವಿದೆಯೇ ಎಂಬುದನ್ನು ಪ್ರಕಟಿಸುವುದು.

2. ಸ್ಥಳ ಪರಿಶೀಲನೆ, ಅಗತ್ಯವಿದ್ದರೆ ಮರುಪರಿಶೀಲನೆ ನಡೆಸಿ ನಷ್ಟದ ಕಾರಣ ಮತ್ತು ಪ್ರಮಾಣವನ್ನು ನಿರ್ಧರಿಸುವುದು.

3. ನಷ್ಟ ಇನ್ನಷ್ಟು ಹೆಚ್ಚದಂತೆ ತಡೆಯುವ ಬಗ್ಗೆ ಕಂಪನಿಗೂ ಪಾಲಿಸಿದಾರರಿಗೂ ಸಲಹೆ ನೀಡುವುದು.

4. ಕ್ಲೇಮು ಪಾಲಿಸಿಯ ವ್ಯಾಪ್ತಿಗೆ ಬರುತ್ತದೆಯೇ, ಷರತ್ತುಗಳು ಪಾಲನೆಯಾಗಿವೆಯೇ, ವಿಮಾ ಮೊತ್ತ ಸಾಕಷ್ಟಿತ್ತೇ, ಸವಕಳಿ ಎಷ್ಟು, ಉಳಿಕೆ ಮಾಲಿನ ಬೆಲೆ ಎಷ್ಟು ಎಂಬುದರ ಬಗ್ಗೆ ಅಭಿಪ್ರಾಯ ನೀಡುವುದು.

5. ಕ್ಲೇಮು ಪಾಲಿಸಿಯ ವ್ಯಾಪ್ತಿಗೆ ಬರುವುದಿಲ್ಲವೆಂದಾದರೆ ಅದಕ್ಕೆ ಕಾರಣ ತಿಳಿಸುವುದು.

6. ಅಗತ್ಯ ಬಿದ್ದಲ್ಲಿ ತಜ್ಞರ ಅಭಿಪ್ರಾಯ ಪಡೆಯುವುದು.

ಮೂರನೆಯ ಅಂಶವನ್ನು ವಿಶೇಷವಾಗಿ ಗಮನಿಸಬೇಕು. ಮಳೆಯಲ್ಲಿ ನೆನೆದ ಧಾನ್ಯದ ಚೀಲಗಳನ್ನು ಒಣಗಿಸಬಹುದೇ, ಸುಟ್ಟ ಯಂತ್ರವನ್ನು ಬಿಚ್ಚಬಹುದೇ ಎಂಬ ಪ್ರಶ್ನೆಗೆ ಉತ್ತರ ಕೊಡುವುದು ಸರ್ವೇಯರ್‌ನ ಕರ್ತವ್ಯ. ಆ ಸಲಹೆಯನ್ನು ಲಿಖಿತದಲ್ಲಿ ಕೇಳಿದ ಪಾಲಿಸಿದಾರನ ಮೇಲೆ, ಸಾಕ್ಷ್ಯ ನಾಶ ಮಾಡಿದನೆಂಬ ಆಕ್ಷೇಪಣೆಯಾಗಲಿ, ಮಾಲು ಕೊಳೆಯಲು ಬಿಟ್ಟನೆಂಬ ಆಕ್ಷೇಪಣೆಯಾಗಲಿ ಸುಲಭವಾಗಿ ನಿಲ್ಲುವುದಿಲ್ಲ.

ವೃತ್ತಿ ಸಂಹಿತೆ

ಕರ್ತವ್ಯಗಳ ಜೊತೆಗೆ ನಡತೆಯ ಸಂಹಿತೆಯೂ ಇದೆ. ಸರ್ವೇಯರ್ ಪ್ರಾಮಾಣಿಕತೆಯಿಂದ ವರ್ತಿಸಬೇಕು. ಪ್ರಾಮಾಣಿಕತೆಯೆಂದರೆ ಹಣದ ವಿಷಯದ ಶುದ್ಧತೆ ಮಾತ್ರವಲ್ಲ, ನ್ಯಾಯಸಮ್ಮತ ವ್ಯವಹಾರ ಮತ್ತು ಸತ್ಯನಿಷ್ಠೆಯೂ ಹೌದೆಂದು ಸಂಹಿತೆಯೇ ವಿವರಿಸುತ್ತದೆ. ಕಂಪನಿಯ ಸೂಚನೆಯ ಮೇರೆಗೆ ಕೆಲಸ ಮಾಡುವಾಗಲೂ ಪಾಲಿಸಿದಾರರ ವಿಷಯದಲ್ಲಿ ನಿಷ್ಪಕ್ಷಪಾತವಾಗಿರಬೇಕು. ಎಲ್ಲರೊಂದಿಗೆ ಸೌಜನ್ಯದಿಂದ ನಡೆದುಕೊಳ್ಳಬೇಕು. ತನ್ನ ಸಾಮರ್ಥ್ಯಕ್ಕೆ ಮೀರಿದ ಕೆಲಸವನ್ನು ತಕ್ಕ ನೆರವಿಲ್ಲದೆ ಒಪ್ಪಿಕೊಳ್ಳಬಾರದು. ತನ್ನ ಸ್ವಾತಂತ್ರ್ಯಕ್ಕೆ ಧಕ್ಕೆ ತರುವ, ಅಥವಾ ಧಕ್ಕೆ ತಂದಂತೆ ಕಾಣುವ ನೇಮಕವಿದ್ದರೆ ಸಂಬಂಧಪಟ್ಟವರೆಲ್ಲರಿಗೂ ತಿಳಿಸಬೇಕು. ಪಾಲಿಸಿದಾರರ ವ್ಯಾಪಾರ ರಹಸ್ಯಗಳನ್ನು ಬಹಿರಂಗಪಡಿಸಬಾರದು, ಸ್ವಂತ ಲಾಭಕ್ಕೆ ಬಳಸಬಾರದು. ಕೈಗೊಂಡ ಸರ್ವೇಗಳ ರಿಜಿಸ್ಟರ್ ಇಡಬೇಕು. ವರದಿ, ಛಾಯಾಚಿತ್ರ ಮತ್ತಿತರ ಮುಖ್ಯ ದಾಖಲೆಗಳನ್ನು ಮೂರು ವರ್ಷ ಕಾಪಾಡಬೇಕು. ಸಂಹಿತೆಯನ್ನು ಉಲ್ಲಂಘಿಸಿದವರ ಪರವಾನಗಿಯನ್ನು ಅಮಾನತುಗೊಳಿಸುವ ಅಥವಾ ರದ್ದುಪಡಿಸುವ ಅಧಿಕಾರ ಪ್ರಾಧಿಕಾರಕ್ಕಿದೆ.

ಇಲ್ಲಿ ಒಂದು ಪ್ರಶ್ನೆ ಸಹಜವಾಗಿಯೇ ಏಳುತ್ತದೆ. ಸರ್ವೇಯರನ್ನು ನೇಮಿಸುವುದು ವಿಮಾ ಕಂಪನಿ, ಶುಲ್ಕ ಕೊಡುವುದೂ ಅದೇ ಕಂಪನಿ, ಮುಂದಿನ ಕೆಲಸ ಕೊಡಬೇಕಾದದ್ದೂ ಅದೇ. ಹೀಗಿರುವಾಗ ನಿಷ್ಪಕ್ಷಪಾತ ಹೇಗೆ ಸಾಧ್ಯ? ಲೆಕ್ಕಪರಿಶೋಧಕರ ಬಗ್ಗೆಯೂ ಇದೇ ಪ್ರಶ್ನೆಯನ್ನು ಕೇಳಲಾಗುತ್ತದೆ. ಶುಲ್ಕ ಕೊಡುವ ಕಂಪನಿಯ ಲೆಕ್ಕವನ್ನೇ ನಾವು ಪರಿಶೋಧಿಸುತ್ತೇವೆ. ಯಾವ ವೃತ್ತಿಯಲ್ಲಾದರೂ ಈ ಒತ್ತಡ ಇಲ್ಲವೆಂದು ಹೇಳುವುದು ಆತ್ಮವಂಚನೆಯಾದೀತು. ಒತ್ತಡವನ್ನು ಎದುರಿಸಲು ಇರುವ ಸಾಧನಗಳು ಎರಡೇ: ಲಿಖಿತ ಸಂಹಿತೆ ಮತ್ತು ಎದುರುಗಡೆಯವರ ಬಳಿ ಇರುವ ದಾಖಲೆ. ದಾಖಲೆ ಗಟ್ಟಿಯಾಗಿದ್ದಲ್ಲಿ ಪ್ರಾಮಾಣಿಕ ಸರ್ವೇಯರ್‌ಗೆ ಬಲ ಬರುತ್ತದೆ, ಅಪ್ರಾಮಾಣಿಕನಿಗೆ ಅವಕಾಶ ಕಡಿಮೆಯಾಗುತ್ತದೆ.

ನ್ಯಾಯಾಲಯಗಳ ನಿಲುವು

ಸರ್ವೇ ವರದಿಯ ಮಹತ್ವದ ಬಗ್ಗೆ ಸರ್ವೋಚ್ಚ ನ್ಯಾಯಾಲಯವು ಹಲವು ತೀರ್ಪುಗಳಲ್ಲಿ ಸ್ಪಷ್ಟ ಮಾರ್ಗದರ್ಶನ ನೀಡಿದೆ. ಯುನೈಟೆಡ್ ಇಂಡಿಯಾ ಇನ್ಶೂರೆನ್ಸ್ ವಿರುದ್ಧ ರೋಷನ್ ಲಾಲ್ ಆಯಿಲ್ ಮಿಲ್ಸ್ ಪ್ರಕರಣದಲ್ಲಿ ಸರ್ವೇ ವರದಿಯು ಮಹತ್ವದ ದಾಖಲೆ, ಅದನ್ನು ಪರಿಗಣಿಸದೆ ತೀರ್ಪು ನೀಡುವುದು ಸರಿಯಲ್ಲ ಎಂದು ಹೇಳಲಾಯಿತು. 2009ರ ನ್ಯೂ ಇಂಡಿಯಾ ಅಶ್ಯೂರೆನ್ಸ್ ವಿರುದ್ಧ ಪ್ರದೀಪ್ ಕುಮಾರ್ ಪ್ರಕರಣದಲ್ಲಿ, ವರದಿಯು ಕ್ಲೇಮಿನ ಇತ್ಯರ್ಥಕ್ಕೆ ಆಧಾರವಾಗಬಹುದಾದರೂ ಅದೇ ಅಂತಿಮ ಮಾತಲ್ಲ, ಕಾರಣವಿದ್ದರೆ ಅದರಿಂದ ಭಿನ್ನವಾಗಿ ತೀರ್ಮಾನಿಸಬಹುದು ಎಂದು ನ್ಯಾಯಾಲಯ ಹೇಳಿತು. ಅದೇ ವರ್ಷದ ಶ್ರೀ ವೆಂಕಟೇಶ್ವರ ಸಿಂಡಿಕೇಟ್ ಪ್ರಕರಣವು ಇನ್ನೊಂದು ಮುಖವನ್ನು ತೋರಿಸಿತು. ತನಗೆ ಬೇಕಾದಂತಹ ವರದಿ ಸಿಗುವವರೆಗೂ ವಿಮಾ ಕಂಪನಿಯು ಒಬ್ಬರಾದ ಮೇಲೊಬ್ಬರಂತೆ ಸರ್ವೇಯರುಗಳನ್ನು ನೇಮಿಸುತ್ತ ಹೋಗುವಂತಿಲ್ಲ. ಮೊದಲ ವರದಿಯನ್ನು ಒಪ್ಪದಿರಲು ಸಕಾರಣ ನೀಡಬೇಕು.

2021ರ ಖಟೇಮಾ ಫೈಬರ್ಸ್ ವಿರುದ್ಧ ನ್ಯೂ ಇಂಡಿಯಾ ಅಶ್ಯೂರೆನ್ಸ್ ತೀರ್ಪು ನಮ್ಮ ವಿಷಯಕ್ಕೆ ಅತ್ಯಂತ ಹತ್ತಿರದ್ದು. ಕಾಗದ ಕಾರ್ಖಾನೆಯೊಂದರ ರದ್ದಿ ಕಾಗದದ ದಾಸ್ತಾನು ಬೆಂಕಿಗೆ ಆಹುತಿಯಾಗಿತ್ತು. ಕಾರ್ಖಾನೆ ಕೇಳಿದ ಮೊತ್ತಕ್ಕೂ ಸರ್ವೇಯರ್ ಅಂದಾಜಿಸಿದ ಮೊತ್ತಕ್ಕೂ ಅಗಾಧ ಅಂತರವಿತ್ತು. ಸರ್ವೇಯರ್ ವೃತ್ತಿ ಸಂಹಿತೆಯನ್ನು ಪಾಲಿಸದೆ ವರ್ತಿಸಿದ್ದರೆ ಅಥವಾ ವರದಿಯು ಮನಸೋಇಚ್ಛೆಯಿಂದ ಕೂಡಿದ್ದರೆ ಗ್ರಾಹಕ ಆಯೋಗವು ಅದನ್ನು ಸೇವಾ ನ್ಯೂನತೆಯೆಂದು ಪರಿಗಣಿಸಬಹುದು, ಆದರೆ ಸಂಹಿತೆಗೆ ಅನುಗುಣವಾಗಿ ಮಾಡಿದ ವರದಿಯ ಮೇಲೆ ಆಯೋಗವು ಎರಡನೆಯ ಸರ್ವೇಯರ್‌ನಂತೆ ಕುಳಿತು ಲೆಕ್ಕ ಮಾಡಲಾರದು ಎಂಬುದು ಈ ತೀರ್ಪಿನ ತಾತ್ಪರ್ಯ. ಕಾರ್ಖಾನೆಗೆ ಹೆಚ್ಚಿನ ಪರಿಹಾರ ಸಿಗಲಿಲ್ಲ. "ನನಗೆ ಕಡಿಮೆ ಬಂದಿದೆ" ಎಂಬ ವಾದಕ್ಕಿಂತ, ಸಂಹಿತೆಯ ಯಾವ ಅಂಶ ಹೇಗೆ ಮೀರಲ್ಪಟ್ಟಿದೆ ಎಂಬ ವಾದಕ್ಕೆ ಬಲ ಹೆಚ್ಚು. ಸಂಹಿತೆಯನ್ನು ಓದಿಕೊಂಡಿರಬೇಕೆಂದು ಹೇಳುವುದು ಇದೇ ಕಾರಣಕ್ಕೆ.

ಒಂದು ಲೆಕ್ಕದ ಉದಾಹರಣೆ

ವರದಿಯಲ್ಲಿ ವಿವಾದ ಹುಟ್ಟುವುದು ಸಾಮಾನ್ಯವಾಗಿ ದಾಸ್ತಾನಿನ ಲೆಕ್ಕದಲ್ಲಿ. ಸುಟ್ಟ ಮಾಲನ್ನು ಎಣಿಸಲಾಗದ ಕಾರಣ ಪುಸ್ತಕಗಳಿಂದ ಅದನ್ನು ಪುನರ್ರಚಿಸಬೇಕಾಗುತ್ತದೆ. ಒಂದು ಕಾಲ್ಪನಿಕ ಅಂಗಡಿಯನ್ನು ತೆಗೆದುಕೊಳ್ಳೋಣ. ವರ್ಷಾರಂಭದ ದಾಸ್ತಾನು 18 ಲಕ್ಷ ರೂಪಾಯಿ, ಬೆಂಕಿಯ ದಿನದವರೆಗಿನ ಖರೀದಿ 62 ಲಕ್ಷ, ಮಾರಾಟ 75 ಲಕ್ಷ. ಹಿಂದಿನ ವರ್ಷಗಳ ಒಟ್ಟು ಲಾಭದ ಪ್ರಮಾಣ ಶೇಕಡಾ 16 ಎಂದಾದರೆ ಮಾರಿದ ಮಾಲಿನ ಅಸಲು 63 ಲಕ್ಷ, ಉಳಿದಿರಬೇಕಾದ ದಾಸ್ತಾನು 17 ಲಕ್ಷ. ಉಳಿಕೆ ಮಾಲಿನ ಬೆಲೆ 2 ಲಕ್ಷವೆಂದರೆ ನಷ್ಟ 15 ಲಕ್ಷ. ಆದರೆ ಸರ್ವೇಯರ್ ಲಾಭದ ಪ್ರಮಾಣವನ್ನು ಶೇಕಡಾ 12 ಎಂದು ಹಿಡಿದರೆ ಅಸಲು 66 ಲಕ್ಷವಾಗಿ ದಾಸ್ತಾನು 14 ಲಕ್ಷಕ್ಕೆ, ನಷ್ಟ 12 ಲಕ್ಷಕ್ಕೆ ಇಳಿಯುತ್ತದೆ. ಶೇಕಡಾ ನಾಲ್ಕರ ವ್ಯತ್ಯಾಸ ಮೂರು ಲಕ್ಷ ರೂಪಾಯಿಯ ವ್ಯತ್ಯಾಸವಾಯಿತು. ಆದ್ದರಿಂದ ವರದಿಯಲ್ಲಿ ಮೊದಲು ನೋಡಬೇಕಾದದ್ದು ಕೊನೆಯ ಮೊತ್ತವನ್ನಲ್ಲ, ಲಾಭದ ಪ್ರಮಾಣವನ್ನು ಯಾವ ಆಧಾರದ ಮೇಲೆ ಹಿಡಿದಿದ್ದಾರೆ ಎಂಬುದನ್ನು.

ಈಗ ವಿಮಾ ಮೊತ್ತ 12.75 ಲಕ್ಷ ಮಾತ್ರ ಇತ್ತೆಂದು ಭಾವಿಸೋಣ. ಸಣ್ಣ ಉದ್ಯಮಗಳಿಗಾಗಿ 2021ರ ಏಪ್ರಿಲ್ 1ರಿಂದ ಜಾರಿಗೆ ಬಂದ ಭಾರತ ಸೂಕ್ಷ್ಮ ಉದ್ಯಮ ಸುರಕ್ಷಾ ಪಾಲಿಸಿಯಲ್ಲಿ ವಿಮಾ ಮೊತ್ತದ ಕೊರತೆ ಶೇಕಡಾ 15ರವರೆಗೆ ಇದ್ದರೆ ಅದನ್ನು ಲೆಕ್ಕಕ್ಕೆ ಹಿಡಿಯುವುದಿಲ್ಲ. ದಾಸ್ತಾನು 17 ಲಕ್ಷವಾದರೆ ಕೊರತೆ ಶೇಕಡಾ 25. ಆಗ 15 ಲಕ್ಷದ ನಷ್ಟಕ್ಕೆ ಮುಕ್ಕಾಲು ಭಾಗ, ಅಂದರೆ 11.25 ಲಕ್ಷ ಮಾತ್ರ ದೊರೆಯುತ್ತದೆ. ದಾಸ್ತಾನು 14 ಲಕ್ಷವೆಂದು ನಿರ್ಧಾರವಾದರೆ ಕೊರತೆ ಶೇಕಡಾ 9ರ ಆಸುಪಾಸು, 12 ಲಕ್ಷವೂ ಪೂರ್ಣವಾಗಿ ದೊರೆಯುತ್ತದೆ. ಪಾಲಿಸಿದಾರರೇ ಭರಿಸಬೇಕಾದ ಕಡಿತವನ್ನು ಇಲ್ಲಿ ಬಿಟ್ಟಿದ್ದೇನೆ. ಹೆಚ್ಚು ದಾಸ್ತಾನು ಸಾಬೀತುಪಡಿಸಿದವನಿಗೆ ಕಡಿಮೆ ಹಣ ಸಿಗುವ ಈ ವಿಚಿತ್ರಕ್ಕೆ ಸರ್ವೇಯರ್ ಕಾರಣರಲ್ಲ, ಪ್ರೀಮಿಯಂ ಉಳಿಸಲೆಂದು ಕಡಿಮೆ ಮೊತ್ತಕ್ಕೆ ವಿಮೆ ಇಳಿಸಿದ್ದೇ ಕಾರಣ. 17 ಲಕ್ಷಕ್ಕೆ ವಿಮೆ ಇದ್ದಿದ್ದರೆ 15 ಲಕ್ಷವೂ ಬರುತ್ತಿತ್ತು.

ಜಿಎಸ್‌ಟಿ ವಿಷಯವನ್ನೂ ಮರೆಯಬಾರದು. ಕೇಂದ್ರ ಜಿಎಸ್‌ಟಿ ಅಧಿನಿಯಮದ 17(5) ಕಲಮಿನ ಪ್ರಕಾರ ನಾಶವಾದ, ಕಳೆದುಹೋದ ಸರಕಿನ ಮೇಲಿನ ಹೂಡುವಳಿ ತೆರಿಗೆ ಜಮೆ ದೊರೆಯುವುದಿಲ್ಲ, ಪಡೆದಿದ್ದರೆ ಹಿಂತಿರುಗಿಸಬೇಕು. ಇದು ವರ್ತಕನ ನೈಜ ನಷ್ಟ. ವಿಮಾ ಮೊತ್ತವನ್ನು ನಿಗದಿಪಡಿಸುವಾಗಲೂ ಕ್ಲೇಮು ಸಲ್ಲಿಸುವಾಗಲೂ ಇದನ್ನು ಪ್ರತ್ಯೇಕವಾಗಿ ತೋರಿಸಿ, ಹಿಂತಿರುಗಿಸಿದ ದಾಖಲೆಯನ್ನು ಸರ್ವೇಯರ್‌ಗೆ ನೀಡತಕ್ಕದ್ದು.

ಕಾಲಮಿತಿ ಮತ್ತು ವರದಿಯ ಪ್ರತಿ

2015ರ ನಿಯಮಾವಳಿಯು ನೇಮಕವಾದ 30 ದಿನಗಳೊಳಗೆ ವರದಿ ಸಲ್ಲಿಸಬೇಕೆಂದು ವಿಧಿಸಿತು. ವಿಶೇಷ ತೊಡಕುಗಳಿರುವ ದೊಡ್ಡ ವಾಣಿಜ್ಯ ಪ್ರಕರಣಗಳಿಗೆ 90 ದಿನಗಳ ಅವಕಾಶವಿತ್ತು. ವರದಿಯ ಪ್ರತಿಯನ್ನು ಪಾಲಿಸಿದಾರರಿಗೂ ನೀಡಬೇಕು, ಅಂದಾಜಿಗೆ ಅವರು ಒಪ್ಪಿದ್ದಾರೆಯೇ ಇಲ್ಲವೇ ಎಂಬುದನ್ನು ವರದಿಯಲ್ಲಿ ಕಾಣಿಸಬೇಕು ಎಂಬುದು ಅದರ ಅತ್ಯಂತ ಉಪಯುಕ್ತ ಅಂಶ. 2024ರ ಜೂನ್ 11ರಂದು ಪ್ರಾಧಿಕಾರವು ಹೊರಡಿಸಿದ ಸಾಮಾನ್ಯ ವಿಮೆಯ ಮಾಸ್ಟರ್ ಸುತ್ತೋಲೆಯು ಕಾಲಮಿತಿಯನ್ನು ಬಿಗಿಗೊಳಿಸಿತು. ಕ್ಲೇಮು ತಿಳಿಸಿದ 24 ಗಂಟೆಗಳಲ್ಲಿ ಸರ್ವೇಯರ್ ನೇಮಕ, ನೇಮಕದಿಂದ 15 ದಿನಗಳಲ್ಲಿ ವರದಿ, ವರದಿ ಬಂದ 7 ದಿನಗಳಲ್ಲಿ ತೀರ್ಮಾನ ಎಂಬುದು ಅದು ವಿಮಾ ಕಂಪನಿಗಳ ಮುಂದಿಟ್ಟ ಮಾನದಂಡ. ದಾಖಲೆಗಳ ಕೊರತೆಯೊಂದನ್ನೇ ಕಾರಣ ಮಾಡಿ ಕ್ಲೇಮು ತಿರಸ್ಕರಿಸಬಾರದೆಂದೂ ಸುತ್ತೋಲೆ ತಿಳಿಸಿತು.

ವಿಳಂಬಕ್ಕೆ ಅನೇಕ ಸಂದರ್ಭಗಳಲ್ಲಿ ಕಾಗದಪತ್ರ ಕೊಡದ ವರ್ತಕರೇ ಹೊಣೆ ಎಂಬುದನ್ನೂ ಇಲ್ಲಿ ಹೇಳಲೇಬೇಕು. ಸರ್ವೇಯರ್ ಕೇಳಿದ ದಾಖಲೆಗಳನ್ನು ಪಟ್ಟಿ ಸಹಿತ ಒಪ್ಪಿಸಿ ಸ್ವೀಕೃತಿ ಪಡೆದರೆ, ಮುಂದಿನ ವಿಳಂಬ ಯಾರದೆಂಬುದು ತಾನಾಗಿ ಸ್ಪಷ್ಟವಾಗುತ್ತದೆ.

ಭಿನ್ನಾಭಿಪ್ರಾಯ ಬಂದಾಗ

ಮೊದಲು ಸರ್ವೇಯರ್‌ಗೂ ಕಂಪನಿಗೂ ಅಂಶವಾರು ಆಕ್ಷೇಪಣೆಯನ್ನು ಲಿಖಿತದಲ್ಲಿ ಸಲ್ಲಿಸಬೇಕು. ನಂತರ ಕಂಪನಿಯ ಕುಂದುಕೊರತೆ ಅಧಿಕಾರಿಯ ಮುಂದೆ ದೂರು ದಾಖಲಿಸಬೇಕು. ಏಕವ್ಯಕ್ತಿ ಮಾಲೀಕತ್ವದ ಸಂಸ್ಥೆಗಳು ಮತ್ತು ಸೂಕ್ಷ್ಮ ಉದ್ಯಮಗಳು ವಿಮಾ ಒಂಬುಡ್ಸ್‌ಮನ್ ಅವರನ್ನು ಸಮೀಪಿಸಬಹುದು. ಅವರ ಕಚೇರಿ ಬೆಂಗಳೂರಿನಲ್ಲಿಯೂ ಇದೆ, ಶುಲ್ಕವಿಲ್ಲ. ಪರಿಹಾರದ ಮಿತಿಯನ್ನು 2023ರಲ್ಲಿ 30 ಲಕ್ಷದಿಂದ 50 ಲಕ್ಷ ರೂಪಾಯಿಗೆ ಏರಿಸಲಾಯಿತು. ಗ್ರಾಹಕ ಆಯೋಗದ ಬಾಗಿಲೂ ತೆರೆದಿದೆ. ವ್ಯಾಪಾರ ಸಂಸ್ಥೆಯು ವಿಮೆ ಪಡೆಯುವುದು ನಷ್ಟ ಭರ್ತಿಗೇ ಹೊರತು ಲಾಭ ಗಳಿಕೆಗಲ್ಲ, ಆದ್ದರಿಂದ ಅದೂ ಗ್ರಾಹಕನೇ ಎಂದು 2023ರ ಏಪ್ರಿಲ್‌ನಲ್ಲಿ ಹರ್ಸೋಲಿಯಾ ಮೋಟರ್ಸ್ ಪ್ರಕರಣದಲ್ಲಿ ಸರ್ವೋಚ್ಚ ನ್ಯಾಯಾಲಯ ತೀರ್ಪು ನೀಡಿದೆ. ದೂರಿಗೆ ಎರಡು ವರ್ಷಗಳ ಕಾಲಮಿತಿ ಇದೆ.

ಕ್ಲೇಮಿನ ಹಣ ನೀಡುವಾಗ "ಪೂರ್ಣ ಮತ್ತು ಅಂತಿಮ" ಎಂಬ ಡಿಸ್ಚಾರ್ಜ್ ವೋಚರಿಗೆ ಸಹಿ ಕೇಳಲಾಗುತ್ತದೆ. ಹಣದ ಅಡಚಣೆಯಿಂದ ಸಹಿ ಮಾಡುವವರೇ ಹೆಚ್ಚು. ವೋಚರಿಗೆ ಸಹಿ ಮಾಡಿದ ಮಾತ್ರಕ್ಕೆ ಹಕ್ಕು ಕಳೆದುಹೋಗದು, ಆದರೆ ಒತ್ತಡ, ವಂಚನೆ ಅಥವಾ ತಪ್ಪು ನಿರೂಪಣೆಯಿಂದ ಸಹಿ ಪಡೆದದ್ದನ್ನು ತೋರಿಸಬೇಕು ಎಂದು 1999ರ ಅಜ್ಮೇರ್ ಸಿಂಗ್ ಕಾಟನ್ ಪ್ರಕರಣದಲ್ಲಿ ತೀರ್ಮಾನವಾಗಿದೆ. ಒಪ್ಪಿಗೆಯಿಲ್ಲದಿದ್ದರೆ ಸಹಿಗೆ ಮುನ್ನ, ತಪ್ಪಿದರೆ ಸಹಿ ಮಾಡಿದ ಕೂಡಲೇ ಪ್ರತಿಭಟನೆಯ ಪತ್ರ ಕಳುಹಿಸುವುದು ಕ್ಷೇಮ.

ನಮ್ಮ ಹೊಣೆ

ಸಂಹಿತೆ ಸರ್ವೇಯರ್‌ಗೆ ಮಾತ್ರ ಎಂದು ಭಾವಿಸುವುದು ನ್ಯಾಯವಲ್ಲ. ನಷ್ಟವನ್ನು ಹಿಗ್ಗಿಸಿ ತೋರಿಸುವುದು, ಹಳೆಯ ಬಿಲ್ಲುಗಳನ್ನು ಸೇರಿಸುವುದು, ಸರ್ವೇಯರ್‌ಗೆ ಆಮಿಷ ಒಡ್ಡುವುದು, ಇವೆಲ್ಲ ಪಾಲಿಸಿಯ ವಂಚನೆ ಷರತ್ತಿನಡಿ ಬರುತ್ತವೆ. ಎರಡು ಲಕ್ಷದ ಸುಳ್ಳಿಗಾಗಿ ಇಪ್ಪತ್ತು ಲಕ್ಷದ ನಿಜವಾದ ಕ್ಲೇಮನ್ನೂ ಕಳೆದುಕೊಳ್ಳಬೇಕಾದೀತು. ಬ್ಯಾಂಕಿಗೆ ಕೊಟ್ಟ ದಾಸ್ತಾನು ವಿವರ ಒಂದು, ಜಿಎಸ್‌ಟಿ ಲೆಕ್ಕ ಇನ್ನೊಂದು, ಕ್ಲೇಮಿನ ಪಟ್ಟಿ ಮತ್ತೊಂದು ಎಂದಾದರೆ ಯಾವ ಸರ್ವೇಯರ್ ಆದರೂ ಅತಿ ಕಡಿಮೆಯದನ್ನೇ ನಂಬುವ ಸಂಭವ ಹೆಚ್ಚು.

ದಾಸ್ತಾನು ಪುಸ್ತಕವನ್ನು ಅಂದಂದೇ ಬರೆಯುವುದು, ಲೆಕ್ಕಪತ್ರಗಳ ಪ್ರತಿಯನ್ನು ಅಂಗಡಿಯ ಹೊರಗೆ ಬೇರೊಂದು ಸ್ಥಳದಲ್ಲಿ ಇಡುವುದು, ವರ್ಷಕ್ಕೊಮ್ಮೆಯಾದರೂ ವಿಮಾ ಮೊತ್ತವನ್ನು ಇಂದಿನ ಬೆಲೆಗೆ ಹೊಂದಿಸುವುದು, ಈ ಮೂರು ಕೆಲಸಗಳಿಗೆ ಹೆಚ್ಚಿನ ವೆಚ್ಚ ತಗಲುವುದಿಲ್ಲ. ವಾಣಿಜ್ಯ ಸಂಸ್ಥೆಗಳು ಸದಸ್ಯರ ವಿಳಂಬಿತ ಕ್ಲೇಮುಗಳ ವಿವರ ಸಂಗ್ರಹಿಸಿ ವಿಮಾ ಕಂಪನಿಗಳ ಹಾಗೂ ಪ್ರಾಧಿಕಾರದ ಗಮನಕ್ಕೆ ತರುವುದು, ಸರ್ವೇಯರುಗಳನ್ನೇ ಆಹ್ವಾನಿಸಿ ವರ್ಷಕ್ಕೊಂದು ಕಾರ್ಯಾಗಾರ ನಡೆಸುವುದು ಸಹ ಉಪಯುಕ್ತ. ಪಾಲಿಸಿಯ ನವೀಕರಣದ ದಿನಾಂಕ ಹತ್ತಿರವಿರುವ ಸದಸ್ಯರು ಪ್ರೀಮಿಯಂ ಚೆಕ್ಕಿಗೆ ಸಹಿ ಮಾಡುವ ಮುನ್ನ ತಮ್ಮ ದಾಸ್ತಾನಿನ ಮೌಲ್ಯವನ್ನೂ ಪಾಲಿಸಿಯ ಮೊತ್ತವನ್ನೂ ಒಮ್ಮೆ ಪಕ್ಕಪಕ್ಕದಲ್ಲಿಟ್ಟು ನೋಡಬೇಕೆಂದು ವಿನಂತಿ.